ಉಲಿ ಎಂದರೆ ಮನೆಗೆ

ಅರ್ಜಿ ನಮೂನೆಗಳಲ್ಲಿ ‘ಬಲ್ಲ ಭಾಷೆಗಳು’ ಎಂಬ ಕಾಲಂ ಕಂಡರೆ ನನಗೆ ಒಳಗೊಳಗೇ ಖುಷಿ. ಉಳಿದ ಕಾಲಂಗಳಲ್ಲಿ ಹೇಳಿಕೊಳ್ಳುವಂಥದ್ದು ನನ್ನ ಬಳಿ ಹೆಚ್ಚೇನೂ ಇಲ್ಲ. ಇಲ್ಲಿ ಮಾತ್ರ ತುಳು, ಕನ್ನಡ, ಕೊಂಕಣಿ, ಹಿಂದಿ, ಇಂಗ್ಲಿಷ್ ಎಂದು ಒಂದೇ ಉಸಿರಿಗೆ ಬರೆದು, ಜಾಗ ಉಳಿದರೆ ಮಲಯಾಳವನ್ನೂ ತುರುಕುತ್ತೇನೆ. ದಮ್ಮಾಮಿಗೆ ಬಂದ ಮೇಲೆ ಅರಬ್ಬಿಯನ್ನೂ ಸೇರಿಸಿದೆ. ನನ್ನ ಅರಬ್ಬಿ ಎಂದರೆ ‘ಯಲ್ಲಾ’, ‘ಖಲಾಸ್’, ‘ಬುಕ್ರಾ’. ಹೊರಡಿ, ಮುಗಿಯಿತು, ನಾಳೆ. ಯೋಚಿಸಿದರೆ ಸಂಸಾರ ನಡೆಸಲು ಇಷ್ಟು ಸಾಕು.

ದಮ್ಮಾಮಿನ ಆ ಖಾಸಗಿ ಶಾಲೆಯಲ್ಲಿ ನಾನು ಗಣಿತದ ಟೀಚರಾಗಿ ಸೇರಿದ ದಿನ, ಆಫೀಸಿನಲ್ಲಿ ನನ್ನ ಪಕ್ಕ ಕೂತು ಅದೇ ನಮೂನೆ ತುಂಬುತ್ತಿದ್ದವರು ಮಿಸ್ ಲೋರ್ನಾ. ಫಿಲಿಪ್ಪೀನ್ಸಿನವರು, ಐವತ್ತರ ಆಸುಪಾಸು, ಇಂಗ್ಲಿಷ್ ಟೀಚರು. ನನ್ನದಕ್ಕಿಂತ ಅವರ ಪಟ್ಟಿ ಚಿಕ್ಕದಿರಬಹುದೇ ಎಂದು ಓರೆಗಣ್ಣಿನಲ್ಲಿ ನೋಡಿದೆ. ಇಂಗ್ಲಿಷ್, ತಗಾಲೊಗ್, ಹಿಲಿಗೈನೊನ್, ಸ್ಪ್ಯಾನಿಷ್. ಎಲ್ಲಕ್ಕಿಂತ ಮೇಲೆ, ದಪ್ಪಕ್ಷರದಲ್ಲಿ, ‘ಕಿನಾರಾಯಾ’. ಗುಮಾಸ್ತೆ ಅದರ ಮೇಲೆ ಬೆರಳಿಟ್ಟು, “ಇದು ಯಾವುದು?” ಎಂದು ಕೇಳಿದಳು.

“ಅದು ನನ್ನದು,” ಎಂದರು ಮಿಸ್ ಲೋರ್ನಾ.

ಹೆಂಗಸರು ಅಲ್ಲಿ ಕಾರು ಓಡಿಸುವಂತಿಲ್ಲದ ವರ್ಷಗಳು ಅವು. ನಮ್ಮಿಬ್ಬರನ್ನೂ ಶಾಲೆಗೆ ಕರೆದೊಯ್ದು ತರುತ್ತಿದ್ದದ್ದು ವಿಟ್ಲದ ಖಾದರ್ ಭಾಯಿಯ ವ್ಯಾನು. ಹೋಗಲು ಮುಕ್ಕಾಲು ಗಂಟೆ, ಬರಲು ಮುಕ್ಕಾಲು ಗಂಟೆ. ನಾನು ಆ ಹೊತ್ತಿನಲ್ಲಿ ತೂಕಡಿಸುತ್ತಿದ್ದೆ. ಮಿಸ್ ಲೋರ್ನಾ ಬರೆಯುತ್ತಿದ್ದರು. ತೊಡೆಯ ಮೇಲೆ ಶಾಲೆಯ ನೋಟುಬುಕ್ಕು, ಕೈಯಲ್ಲಿ ಗಿಡ್ಡ ಪೆನ್ಸಿಲು. ವ್ಯಾನು ಹಂಪು ಹತ್ತಿದಾಗ ಅಕ್ಷರವೂ ಹತ್ತಿ ಇಳಿಯುತ್ತಿತ್ತು.

“ಎಂತ ಟೀಚರೇ, ಈ ಮಿಸ್ಸು ದಿನಾ ಎಂತ ಬರೆಯುವುದು? ಅಂಗಡಿ ಸಾಮಾನಿನ ಪಟ್ಟಿಯಾ?” ಖಾದರ್ ಭಾಯಿ ಕನ್ನಡಿಯಲ್ಲಿ ನೋಡಿ ಕೇಳಿದರು.

ನಾನು ಇಂಗ್ಲಿಷಿಗೆ ತಿರುಗಿಸಿದೆ. ಮಿಸ್ ಲೋರ್ನಾ ನಕ್ಕು, ಕತೆ ಎಂದರು.

ಕತೆಯ ಹಿಂದಿನ ಕತೆ ಕಂತುಕಂತಾಗಿ ಹೊರಬಂತು. ಅವರ ಊರು ಪನಾಯ್ ಎಂಬ ದ್ವೀಪದ ಪಶ್ಚಿಮ ಕರಾವಳಿ. ಅಲ್ಲಿನ ಕಾಲೇಜಿನಲ್ಲಿ ಹದಿನೆಂಟು ವರ್ಷ ಪಾಠ ಮಾಡಿದವರು. ಮೊದಲು ಇಂಗ್ಲಿಷಿನಲ್ಲಿ ಬರೆದರು, ಬಹುಮಾನ ಬಂತು. ಆಮೇಲೆ ದೇಶಕ್ಕೆಲ್ಲ ತಿಳಿಯುವ ತಗಾಲೊಗಿನಲ್ಲಿ ಬರೆದರು, ಓದುಗರು ಬಂದರು. ಒಂದು ದಿನ ತಮ್ಮ ತಾಯಿಗೆ ಬಹುಮಾನದ ಕತೆಯನ್ನು ಓದಿ ಹೇಳಹೋದರೆ, ಆಕೆ ಸಾವಧಾನವಾಗಿ ಪೂರ್ತಿ ಕೇಳಿ, “ಚೆನ್ನಾಗಿ ಓದುತ್ತೀ. ಈಗ ನನಗೆ ಹೇಳು,” ಎಂದರಂತೆ. ಅವತ್ತಿನಿಂದ ಕಿನಾರಾಯಾದಲ್ಲೇ ಬರೆಯತೊಡಗಿದರು. ಬಹುಮಾನ ನಿಂತಿತು, ಓದುಗರೂ ನಿಂತರು. ಪತ್ರಿಕೆಯವರು, “ಇದನ್ನು ತಗಾಲೊಗಿನಲ್ಲೇ ಕಳಿಸಬಾರದೇ” ಎಂದು ಬರೆದರು. ಅಷ್ಟರಲ್ಲಿ ಗಂಡ ತೀರಿಕೊಂಡರು. ಮಗಳ ಓದು ಬಾಕಿ ಇತ್ತು. ಹಾಗಾಗಿ ಕತೆಗಳನ್ನು ಪೆಟ್ಟಿಗೆಗೆ ಹಾಕಿಕೊಂಡು ಮರಳುಗಾಡಿಗೆ ಬಂದರು.

ತುಳುವಿನಲ್ಲಿ ಬೈದು, ಕನ್ನಡದಲ್ಲಿ ಬರೆದು, ಇಂಗ್ಲಿಷಿನಲ್ಲಿ ಸಂಬಳ ಪಡೆಯುವ ನನಗೆ ಇದನ್ನೆಲ್ಲ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ನಾವು ಒಂದು ಒಪ್ಪಂದ ಮಾಡಿಕೊಂಡೆವು. ದಿನಕ್ಕೆ ಅವರದೊಂದು ಪದ ನನಗೆ, ನನ್ನ ತುಳುವಿನದೊಂದು ಪದ ಅವರಿಗೆ. ಅವರು ನನ್ನ ಪದಗಳನ್ನು ನೋಟುಬುಕ್ಕಿನ ಕೊನೆಯ ಹಾಳೆಯಲ್ಲಿ ಬರೆದು ವಾರದ ಕೊನೆಗೆ ತಪ್ಪಿಲ್ಲದೆ ಒಪ್ಪಿಸುತ್ತಿದ್ದರು. ನಾನು ಅವರವನ್ನು ಶ್ರದ್ಧೆಯಿಂದ ಮರೆಯುತ್ತಿದ್ದೆ. ಮನೆಗೆ ‘ಬಲಾಯ್’, ಸೂರ್ಯನಿಗೆ ‘ಅದ್ಲಾವ್’, ಅಕ್ಕರೆಗೆ ‘ಪಲಂಗ್ಗಾ’. ಹೀಗೆ ಮೂವತ್ತು ನಲವತ್ತು ಮಾತ್ರ ಹೇಗೋ ಅಂಟಿಕೊಂಡವು. ಚೆನ್ನಾಗಿ ಅಂಟಿದ್ದು ‘ಉಲಿ’. ಮಧ್ಯಾಹ್ನ ವ್ಯಾನು ಹತ್ತುವಾಗ ಅವರು ದಿನಾ ಹೇಳುತ್ತಿದ್ದ ಪದ. ಉಲಿ ಎಂದರೆ ಮನೆಗೆ ಮರಳುವುದು.

“ನಮ್ಮಲ್ಲೂ ಉಲಿ ಉಂಟು. ಇಂಪಾಗಿ ನುಡಿಯುವುದು ಅಂತ ಅರ್ಥ,” ಎಂದೆ.

“ತಗಾಲೊಗಿನಲ್ಲೂ ಉಂಟು. ಅಲ್ಲಿ ‘ಮತ್ತೊಮ್ಮೆ’ ಅಂತ,” ಎಂದರು.

ನಾನು ‘ಲ’ ಮತ್ತು ‘ಳ’ಗಳ ವ್ಯತ್ಯಾಸ ವಿವರಿಸಲು ಹೋಗಿ, ಉಳಿ ಎಂದರೆ ಇದ್ದುಬಿಡು, ಬಡಗಿಯ ಕೈಯಲ್ಲಿದ್ದರೆ ಬೇರೆಯೇ ಎಂದು ದೊಡ್ಡ ಭಾಷಣವನ್ನೇ ಮಾಡಿದೆ. ಖಾದರ್ ಭಾಯಿ, “ಮಾರಾಯ್ರೆ, ಒಂದು ಪದಕ್ಕೆ ಇಷ್ಟು ದೂರ ಹೋದ್ರೆ ಶಾಲೆ ದಾಟಿ ಜಿದ್ದಾ ಮುಟ್ಟುದಾ ನಾವು?” ಎಂದು ನಗಾಡಿದರು.

ಮೂರನೆಯ ವರ್ಷದ ಒಂದು ಭಾನುವಾರ (ಅಲ್ಲಿ ರಜೆ ಶುಕ್ರವಾರ), ಮೊದಲನೆಯ ಪೀರಿಯಡ್ಡಿನಲ್ಲಿ, ಬೋರ್ಡಿನ ಮೇಲೆ ಅರ್ಧ ವಾಕ್ಯ ಬರೆದಿದ್ದ ಮಿಸ್ ಲೋರ್ನಾ ಅವರ ಕೈಯಿಂದ ಮಾರ್ಕರು ಜಾರಿತು. ಎತ್ತಲು ಬಗ್ಗಿದವರು ಏಳಲಿಲ್ಲ. ಹುಡುಗಿಯರ ಕಿರುಚಾಟ ಕೇಳಿ ಪಕ್ಕದ ತರಗತಿಯಿಂದ ನಾನು ಓಡಿದೆ. ಅವರ ಕಣ್ಣುಗಳು ತೆರೆದೇ ಇದ್ದವು, ಬಾಯಿ ಒಂದು ಬದಿಗೆ ಸರಿದಿತ್ತು. ನನ್ನ ಹೆಸರು ಹೇಳಲು ಪ್ರಯತ್ನಿಸುತ್ತಿದ್ದಾರೆ ಅನ್ನಿಸಿತು. ಅದು ಹೆಸರಾಗಲಿಲ್ಲ.

ಪ್ರಾಣ ಉಳಿಯಿತು. ಪಾರ್ಶ್ವವಾಯುವಿಗೆ ಬಲಗೈ ಹೋಯಿತು. ಐದನೆಯ ದಿನ ವಾರ್ಡಿಗೆ ತಂದರು. ನನ್ನನ್ನು ನೋಡಲು ಬಿಟ್ಟದ್ದು ಏಳನೆಯ ದಿನ ಸಂಜೆ. ಮಾತು ಸ್ವಲ್ಪ ಮರಳಿದೆ, ಆದರೆ ಇಂಗ್ಲಿಷಿನಲ್ಲಿ ಕೇಳಿದರೆ ಉತ್ತರವಿಲ್ಲ ಎಂದರು ಈಜಿಪ್ಟಿನ ಡಾಕ್ಟರು. ಕೆಲವರಿಗೆ ಹೀಗಾಗುತ್ತದಂತೆ; ಹಲವು ಭಾಷೆ ಕಲಿತವರಿಗೆ ಒಂದೇ ಒಂದು ಉಳಿಯುವುದುಂಟು, ಯಾವುದು ಎಂದು ಮೊದಲೇ ಹೇಳಲಾಗದು. ಮಂಚದ ಬಳಿ ಒಬ್ಬ ಫಿಲಿಪಿನೋ ನರ್ಸು ಗಂಜಿ ತಿನ್ನಿಸುತ್ತಿದ್ದಳು. ಪಾಪ, ಒಳ್ಳೆಯ ಹುಡುಗಿ. ಉತ್ತರದ ದ್ವೀಪದವಳು, ಅವರ ದೇಶದ ಭಾಷೆಗಳಲ್ಲಿ ತನ್ನ ಮನೆಮಾತು ಬಿಟ್ಟರೆ ತಗಾಲೊಗ್ ಮಾತ್ರ ಬಲ್ಲವಳು.

“ಊಟ ಮಾತ್ರ ಚೆನ್ನಾಗಿ ಮಾಡುತ್ತಾರೆ ಮ್ಯಾಡಂ. ಪ್ರತಿ ಸಲವೂ ಮತ್ತೆ ಬೇಕು, ಮತ್ತೆ ಬೇಕು ಅಂತ ಕೇಳುತ್ತಾರೆ,” ಎಂದಳು.

ಅಷ್ಟರಲ್ಲಿ ಮಿಸ್ ಲೋರ್ನಾ ನನ್ನನ್ನು ನೋಡಿದರು. “ಉಲಿ,” ಎಂದರು. ನರ್ಸು ಇನ್ನೊಂದು ಚಮಚ ಬಾಯಿಗಿಟ್ಟಳು. ಅವರು ನುಂಗಿದರು. “ಉಲಿ.” ಇನ್ನೊಂದು ಚಮಚ. ಕಣ್ಣಿನಿಂದ ನೀರು ಇಳಿದು ಗಂಜಿಯ ಜೊತೆ ಬಾಯಿಗೆ ಹೋಗುತ್ತಿತ್ತು.

ನಾನು ನರ್ಸಿನ ಕೈ ಹಿಡಿದೆ. “ಬೇಡಮ್ಮ, ಸಾಕು. ಅವರು ಗಂಜಿ ಕೇಳುತ್ತಿಲ್ಲ. ಮನೆಗೆ ಹೋಗಬೇಕು ಅನ್ನುತ್ತಿದ್ದಾರೆ.”

ಆ ಹುಡುಗಿ ಬಟ್ಟಲನ್ನು ಕೆಳಗಿಟ್ಟಳು. ಎರಡು ದಿನದಿಂದ ಅದನ್ನೇ ಹೇಳುತ್ತಿದ್ದರು, ಎಂದು ಹೇಳಿ ಗೋಡೆಯ ಕಡೆ ತಿರುಗಿ ಅತ್ತಳು. ಏಳು ಭಾಷೆಗಳ ಒಡತಿಯಾದ ನಾನು ಅವಳನ್ನು ಸಮಾಧಾನ ಮಾಡಲು ಯಾವುದರಲ್ಲೂ ಒಂದು ಮಾತು ಸಿಗದೆ ನಿಂತಿದ್ದೆ.

ಮರುದಿನ ಮನಿಲಾದಿಂದ ಮಗಳು ಗ್ರೇಸ್ ಫೋನು ಮಾಡಿದಳು. ಚಿಕ್ಕಮ್ಮನ ಮನೆಯಲ್ಲಿದ್ದು ಕಾಲೇಜು ಓದುತ್ತಿದ್ದವಳು. ಫೋನನ್ನು ತಾಯಿಯ ಕಿವಿಗೆ ಹಿಡಿದೆ. ತಾಯಿ ತನ್ನ ಭಾಷೆಯಲ್ಲಿ ಎಡವುತ್ತ ಎಡವುತ್ತ ಮಾತಾಡಿದರು. ಆ ಕಡೆಯಿಂದ, “ಏನು ಮಮ್ಮಾ? ಏನು?” ಎಂಬುದಷ್ಟೇ ಕೇಳುತ್ತಿತ್ತು. ಕೊನೆಗೆ ನಾನು ಫೋನು ತೆಗೆದುಕೊಂಡೆ. ಉಡುಪಿಯ ಹೆಂಗಸೊಬ್ಬಳು ಮೂವತ್ತು ನಲವತ್ತು ಪದಗಳ ಬಂಡವಾಳದಲ್ಲಿ ತಾಯಿಯ ಮಾತನ್ನು ಹೆತ್ತ ಮಗಳಿಗೆ ಅನುವಾದ ಮಾಡುವುದು ಅಂದರೆ! ಮನೆ ಅಂದರು. ಸೂರ್ಯ ಅಂದರು, ಬೆಳಿಗ್ಗೆ ಅಂತಲೂ ಇರಬಹುದು. ನಡುವಿನದು ನನಗೆ ತಿಳಿಯಲಿಲ್ಲ. ಪಲಂಗ್ಗಾ ಅಂದರು, ಅದು ನೀನು. ಹೀಗೆ ಅರ್ಧ ಒಡೆದ ಪಾತ್ರೆಯಲ್ಲಿ ನೀರು ತಂದುಕೊಟ್ಟಂತೆ ಕೊಟ್ಟೆ.

“ಅಜ್ಜಿ ಇದ್ದಾಗ ಮಮ್ಮಾ ಮನೆಯಲ್ಲಿ ಇದನ್ನೇ ಮಾತಾಡುತ್ತಿದ್ದರು ಆಂಟಿ. ನನ್ನ ಫ್ರೆಂಡ್ಸ್ ಬಂದಾಗ ನಾನು, ಸರಿಯಾಗಿ ಮಾತಾಡು ಮಮ್ಮಾ ಅಂತ ಗದರುತ್ತಿದ್ದೆ. ನಾನು ಕಲಿಯಲೇ ಇಲ್ಲ,” ಎಂದಳು ಗ್ರೇಸ್.

ಊರಿಗೆ ಕಳಿಸುವ ಕಾಗದಪತ್ರಗಳು ಮುಗಿಯಲು ಆರು ವಾರ ಹಿಡಿಯಿತು. ವಾಸದ ಪರವಾನಗಿ ಇಕಾಮಾ, ವೀಸಾ, ಡಾಕ್ಟರ ಸಹಿ, ವಿಮಾನದಲ್ಲಿ ಜೊತೆಗೆ ಹೋಗಲು ಒಬ್ಬ ನರ್ಸು. ಅಷ್ಟೂ ದಿನ ಸಂಜೆ ಖಾದರ್ ಭಾಯಿ ನನ್ನನ್ನು ಆಸ್ಪತ್ರೆಗೆ ಕರೆದೊಯ್ದರು. ನಾನು ನೋಟುಬುಕ್ಕು ತೆಗೆದು ಮಿಸ್ ಲೋರ್ನಾಗೆ ಅವರದೇ ಕತೆಯನ್ನು ಅರ್ಥವಾಗದೆ ಓದುತ್ತಿದ್ದೆ. ಉಚ್ಚಾರ ಕೆಟ್ಟಾಗ ಅವರು ಎಡಗೈ ಎತ್ತಿ ತಡೆದು, ಸರಿಯಾದದ್ದನ್ನು ಹೇಳಿಕೊಡುತ್ತಿದ್ದರು. ಮಾತು ಹೋದರೂ ಟೀಚರುತನ ಹೋಗಿರಲಿಲ್ಲ.

ಹೊರಡುವ ದಿನ ಗಾಲಿಕುರ್ಚಿಯಿಂದ ಖಾದರ್ ಭಾಯಿಯ ಕಡೆ ನೋಡಿ ಎಡಗೈ ಎದೆಗಿಟ್ಟರು. “ಹೋಗಿ ಬನ್ನಿ ಮಿಸ್ಸೇ. ದೇವರು ಒಳ್ಳೇದು ಮಾಡ್ಲಿ,” ಎಂದರು ಅವರು, ಕನ್ನಡದಲ್ಲಿಯೇ. ವ್ಯಾನಿಗೆ ಹಿಂದಿರುಗಿದ ಮೇಲೆ, “ಬನ್ನಿ ಅಂತ ಯಾಕೆ ಹೇಳಿದೆನೋ,” ಎಂದು ಕನ್ನಡಕ ತೆಗೆದು ಒರೆಸಿದರು.

ಮಿಸ್ ಲೋರ್ನಾ ಮತ್ತೆ ಬರಲಿಲ್ಲ. ಗ್ರೇಸ್ ಓದು ಮುಗಿಸಿ ಊರಿಗೇ ಹೋಗಿ ತಾಯಿಯ ಜೊತೆ ಇದ್ದಳು. ಅಮ್ಮ ಬರೆದದ್ದನ್ನು ದಿನಾ ಅಮ್ಮನಿಗೇ ಓದುತ್ತೇನೆ, ಬೈಸಿಕೊಳ್ಳುತ್ತೇನೆ ಎಂದು ಆಗೊಮ್ಮೆ ಈಗೊಮ್ಮೆ ವಾಟ್ಸಾಪಿನಲ್ಲಿ ಬರೆಯುತ್ತಿದ್ದಳು. ಎರಡು ವರ್ಷದ ಮೇಲೆ ಒಂದು ಬೆಳಿಗ್ಗೆ, ಮಮ್ಮಾ ಹೋದರು ಎಂದು ಫೋನು ಬಂತು. ನಿದ್ದೆಯಲ್ಲೇ ಹೋದರಂತೆ.

ತಿಂಗಳು ಕಳೆದು ಅವಳೇ ಮತ್ತೆ ಫೋನು ಮಾಡಿದಳು. ದನಿ ತುಸು ಹಗುರಾಗಿತ್ತು.

“ಆಂಟಿ, ಇನ್ನು ಮನೆಯಲ್ಲಿ ಈ ಭಾಷೆ ಯಾರ ಜೊತೆ ಆಡುವುದು ಅಂತ ಅಳುತ್ತಿದ್ದೆ. ನಿನ್ನೆ ಬೀದಿನಾಯಿಯೊಂದು ಒಣಹಾಕಿದ ಮೀನಿಗೆ ಬಾಯಿ ಹಾಕಿತು. ನನಗೇ ಗೊತ್ತಿಲ್ಲದೆ ಕಿನಾರಾಯಾದಲ್ಲಿ ಬೈದುಬಿಟ್ಟೆ. ಯೋಚನೆಯೇ ಮಾಡಲಿಲ್ಲ, ತಾನಾಗಿ ಬಂತು.”

“ನಾಯಿಗೆ ಅರ್ಥವಾಯಿತಾ?” ಎಂದು ಕೇಳಿದೆ.

“ಓಡಿಯೇ ಹೋಯಿತು ಆಂಟಿ.”

ಹಾಗಿದ್ದರೆ ನಿನಗೆ ಭಾಷೆ ಬಂದಿದೆ ಮಗಳೇ, ಎಂದೆ. ಇಬ್ಬರೂ ನಗಲು ಹೊರಟೆವು. ಅವಳು ನಗೆಯನ್ನು ಪೂರೈಸಿದಳು. ನನ್ನಿಂದ ಮಾತ್ರ ಆಗಲಿಲ್ಲ.