ಮುನಿಸಿಕೊಂಡ ನವಿಲು, ನಾಲ್ಕು ಭಾಷೆಯ ಮೇಷ್ಟ್ರು

ಮೊನ್ನೆ ಸಂಜೆ ಮೊಮ್ಮಗಳು ಬಸ್ಸಿಳಿದು ಬಂದವಳೇ ನನ್ನ ಕೊರಳಿಗೆ ಜೋತುಬಿದ್ದಳು. ಅವಳ ಸೆರಗೆಲ್ಲ ಸೀಮೆಸುಣ್ಣದ ವಾಸನೆ! ದೇವಸಮುದ್ರದ ಶಾಲೆಯಲ್ಲಿ ಟೀಚರಾಗಿ ಅವತ್ತು ಅವಳ ಮೊದಲನೇ ದಿನ. ನಾನು ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವಳು. ನನ್ನ ಮೊಮ್ಮಗಳು ಬೋರ್ಡಿನ ಮುಂದೆ ನಿಂತು ಪಾಠ ಹೇಳ್ತಾಳೆ ಅಂದರೆ ನನ್ನ ಖುಷಿ ಯಾವ ಪಾತ್ರೆಯಲ್ಲಿ ಹಿಡಿಸೀತು? ಏನು ಮಾಡಬೇಕೋ ತಿಳಿಯದೆ ಅವಳ ಸೆರಗನ್ನೇ ಮೂಸುತ್ತಾ ನಿಂತೆ.

"ಬಿಡಜ್ಜಿ, ಸೀನು ಬರ್ತೈತೆ ನಿಂಗೆ" ಅಂದಳು.

ಬರಲಿ ಬಿಡು! ಆ ಸುಣ್ಣದ ಪುಡಿಯ ವಾಸನೆಗೆ ನನ್ನ ಕಣ್ಣ ಮುಂದೆ ಮೇಷ್ಟ್ರು ಬಂದು ನಿಂತುಬಿಟ್ಟಿದ್ದರು...

ಹೆಸರು ಹಿಡಿದು ಅವರನ್ನ ನಾನು ಯಾವತ್ತೂ ಕರೆದವಳಲ್ಲ, ಈಗಲೂ ಬಾಯಿಗೆ ಬರೋದಿಲ್ಲ. ಮೇಷ್ಟ್ರು ಅಂದರೆ ಅವರೇ. ಊರು ಚಳ್ಳಕೆರೆ. ಅವರಪ್ಪ ಸಂತೆ ಸಂತೆ ತಿರುಗಿ ಕಂಬಳಿ ಮಾರುತ್ತಿದ್ದರಂತೆ. ಅಪ್ಪನ ಹೆಗಲ ಮೇಲೆ ಕೂತು ಸಂತೆ ಸುತ್ತಿದ ಮಗುವಿಗೆ ಕನ್ನಡ ಅವ್ವನಿಂದ ಬಂತು, ತೆಲುಗು ಗಿರಾಕಿಗಳಿಂದ ಬಂತು, ಉರ್ದು ಪಕ್ಕದಲ್ಲಿ ಅತ್ತರು ಮಾರುತ್ತಿದ್ದ ಸಾಬರಿಂದ ಬಂತು. "ಇಂಗ್ಲಿಷ್ ಒಂದನ್ನೇ ನಾನು ಏಟು ತಿಂದು ಕಲಿತಿದ್ದು" ಅಂತ ನಗೋರು.

ಮೊಳಕಾಲ್ಮೂರಿನ ಹೈಸ್ಕೂಲಿಗೆ ಬಂದಾಗ ಅವರಿಗಿನ್ನೂ ಎಳೇ ವಯಸ್ಸು. ನಮ್ಮ ಸೋದರಮಾವನ ಮಗ್ಗದ ಮನೆಯ ಮುಂದಿನ ಕೋಣೆಯನ್ನ ಬಾಡಿಗೆಗೆ ಹಿಡಿದರು. ಮಾವನ ಮನೆಯಲ್ಲಿ ನಾಲ್ಕು ಕುಣಿಮಗ್ಗ ಇದ್ದವು, ನೆಲದ ಕುಣಿಗೆ ಕಾಲು ಇಳಿಬಿಟ್ಟು ನೇಯೋ ರೇಷ್ಮೆ ಸೀರೆಯವು. ಹೆಣ್ಣುಮಕ್ಕಳು ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತೋದು, ಗಂಡಸರು ಮಗ್ಗಕ್ಕೆ ಇಳಿಯೋದು, ಆಗಿನ ನಡಾವಳಿ ಅದು. ನಾನು ಎರಡು ವರ್ಷ ಮಾವನ ತಲೆ ತಿಂದು, ಊಟ ಬಿಟ್ಟು, ಅತ್ತು ಕರೆದು ನಾಲ್ಕನೇ ಮಗ್ಗಕ್ಕೆ ಇಳಿದಿದ್ದೆ. ಹದಿನಾರು ವರ್ಷ ನನಗೆ. ಆ ಮಗ್ಗ ಅಂದರೆ ನನಗೆ ರಾಜನ ಗದ್ದುಗೆ.

ಮೇಷ್ಟ್ರು ಕಥೆ ಬರೆಯೋರು. ಬರೆದದ್ದನ್ನ ಸಂಜೆ ಶಾಲೆಯಿಂದ ಬಂದು, ಕೈಯ ಸುಣ್ಣವನ್ನೂ ತೊಳೆಯದೆ, ಮಗ್ಗದ ಮನೆ ಹೊಸ್ತಿಲ ಮೇಲೆ ಕೂತು ಓದೋರು. ನಾವು ನೇಯುತ್ತಾ ಕೇಳೋದು. ಓದುತ್ತಾ ಓದುತ್ತಾ ಅವರ ಕಿವಿ ಮಾತ್ರ ನಮ್ಮ ಲಾಳಿಯ ಸದ್ದಿನ ಮೇಲೆ. ಎಲ್ಲಿ ಮಗ್ಗ ನಿಲ್ಲುತ್ತೋ ಅಲ್ಲಿ ಕೆಂಪು ಪೆನ್ಸಿಲಿನಲ್ಲಿ ಒಂದು ಗೀಟು ಹಾಕೋರು. ಒಂದು ಮಗ್ಗವೂ ನಿಲ್ಲಲಿಲ್ಲವೋ, ಆ ಹಾಳೆಯನ್ನ ಪರ್ರನೆ ಹರಿಯೋರು. ನಮ್ಮತ್ತೆ ಆರಿಸಿಕೊಂಡು ನೀರೊಲೆಗೆ ಹಾಕೋಳು.

ಮಾವನಿಗೆ ಮಾತ್ರ ಪೀಕಲಾಟ. "ಮೇಷ್ಟ್ರೇ, ನಿಮ್ಮ ಕಥೆ ಚೆನ್ನಾಗಿದ್ರೆ ನನ್ನ ಮಗ್ಗ ನಿಲ್ತಾವೆ. ನಿಮ್ಮ ಕೈ ಮುಗೀತೀನಿ, ಸ್ವಲ್ಪ ಕೆಟ್ಟದಾಗಿ ಬರೀರಿ!"

ನಮ್ಮ ಬೀದಿಯವರ ಮನೆಮಾತು ತೆಲುಗು. ಓದೋಕೆ ಬರೋದು ಕನ್ನಡ ಅಕ್ಷರ ಮಾತ್ರ. ಅದಕ್ಕೇ ಮೇಷ್ಟ್ರು ತೆಲುಗು ಕಥೆಯನ್ನ ಕನ್ನಡ ಅಕ್ಷರದಲ್ಲೇ ಬರೆಯೋರು, ಶಾಲೆಗೆ ಹೋಗೋ ಮಕ್ಕಳು ಮನೆಯ ಮುದುಕಿಯರಿಗೆ ಓದಿ ಹೇಳಲಿ ಅಂತ. ಅಚ್ಚು ಹಾಕಿಸೋಕೆ ಹೋದರೆ ಈ ಕಡೆಯವರು "ಇದು ಕನ್ನಡ ಅಲ್ಲ" ಅಂದರಂತೆ, ಆ ಕಡೆಯವರು "ಇದು ತೆಲುಗು ಅಲ್ಲ" ಅಂದರಂತೆ. "ಹಂಗಾದ್ರೆ ಇದು ನಿಮ್ಮದೇ" ಅಂತ ಕೈಬರಹದ ಪುಸ್ತಕವನ್ನೇ ನಮ್ಮ ಬೀದಿಗೆ ಕೊಟ್ಟರು. ಮನೆ ಮನೆ ತಿರುಗಿ ಅದರ ಮೂಲೆಗಳೆಲ್ಲ ನಾಯಿ ಕಿವಿ ಆಗಿದ್ದವು.

ಆ ವರ್ಷ ರಾಯದುರ್ಗದವರೊಬ್ಬರು ಮಗಳ ಮದುವೆ ಸೀರೆ ನೇಯೋಕೆ ಹೇಳಿದ್ದರು. ಮಾವ ನನ್ನ ಕೈಗೆ ಕೊಟ್ಟ ಮೊದಲನೇ ಮದುವೆ ಸೀರೆ ಅದು. ಸೆರಗಿನ ತುಂಬ ಜೋಡಿ ನವಿಲು, ಒಂದರ ಮುಖ ಒಂದು ನೋಡುತ್ತಾ ನಿಂತವು. ಎಳೆ ಎಣಿಸಿ ಎಣಿಸಿ ಕೈಯಲ್ಲೇ ಕೂರಿಸಬೇಕು.

ಕೊನೆಯ ಜೋಡಿ ಕೂರಿಸುವಾಗ ಮೇಷ್ಟ್ರು ಹೊಸ ಕಥೆ ತಂದರು. ಕುರಿ ಕಾಯೋ ಹೆಂಗಸೊಬ್ಬಳ ಕಥೆ. ಅವಳ ಕುರಿಯೊಂದು ಹಿಂಡು ತಪ್ಪಿಸಿಕೊಳ್ಳುತ್ತೆ. ಹುಡುಕುತ್ತಾ ಹುಡುಕುತ್ತಾ, ಮಾತು ಕೂಡ ತಿಳಿಯದ ದೂರದ ಸೀಮೆಗೆ ಹೋಗ್ತಾಳೆ. ಅಲ್ಲಿ ಬೇರೆಯವರ ಹಟ್ಟಿಯಲ್ಲಿ ಕುರಿ ಸಿಗುತ್ತೆ. ಆದರೆ ಅದು ತಾಯಿ ಸತ್ತ ಮರಿಯೊಂದಕ್ಕೆ ಹಾಲು ಕೊಡುತ್ತಾ ನಿಂತಿರುತ್ತೆ. ಕುರಿ ಹೊಡಕೊಂಡು ಬಂದರೆ ಮರಿ ಉಳಿಯೋದಿಲ್ಲ... ಅಲ್ಲಿಗೆ ಮೇಷ್ಟ್ರು ಪುಸ್ತಕ ಮುಚ್ಚಿದರು. ಮುಂದಿನದು ಇನ್ನೂ ಹೊಳೆದಿಲ್ಲ ಅಂದರು.

ಮೂರು ಮಗ್ಗ ನಿಂತವು. ನನ್ನದು ನಿಲ್ಲಲಿಲ್ಲ. ಮನಸ್ಸು ಆ ಹಟ್ಟಿ ಬಾಗಿಲಲ್ಲಿ ನಿಂತುಬಿಟ್ಟಿತ್ತು, ಕೈ ಮಾತ್ರ ನಡೀತಾನೇ ಇತ್ತು. ನಿಂತಿದ್ದರೆ ಚೆನ್ನಾಗಿರ್ತಿತ್ತು!

ನಮ್ಮ ಮಗ್ಗದಲ್ಲಿ ಸೀರೆಯ ಮುಖ ಕೆಳಗೆ ಮಾಡಿ ನೇಯೋದು, ಮೇಲೆ ಕಾಣೋದು ಬರೀ ಎಳೆಗಳ ಗೋಜಲು. ತಪ್ಪಾದರೆ ಬಿಚ್ಚಿದಾಗಲೇ ಕಾಣೋದು. ಸೀರೆ ಕತ್ತರಿಸಿ ಮಗುಚಿದೆವು. ಕೊನೆಯ ಜೋಡಿ ನವಿಲು ಒಂದಕ್ಕೊಂದು ಬೆನ್ನು ಹಾಕಿ ಕೂತಿದ್ದವು.

ಅತ್ತೆ ಬಾಯಿ ಬಾಯಿ ಬಡಕೊಂಡಳು. "ಮದುವೆ ಸೀರೆ ಕಣೇ! ಗಂಡ ಹೆಂಡ್ತಿ ಮುನಿಸಿಕೊಂಡು ಕೂತಂಗೈತೆ!"

ಮದುವೆಗೆ ಐದೇ ದಿನ. ಇನ್ನೊಂದು ನೇಯೋಕೆ ಹೊತ್ತಿಲ್ಲ. ಮಾವ ಕೂಗಾಡಲಿಲ್ಲ, ಅದೇ ನನಗೆ ಭಯ. "ನೀನೇ ಹೋಗಿ ಕೊಟ್ಟು ಬಾ. ಅವ್ರು ಬ್ಯಾಡ ಅಂದ್ರೆ ಇನ್ನು ಜನ್ಮದಲ್ಲಿ ಮಗ್ಗಕ್ಕೆ ಇಳೀಬ್ಯಾಡ. ಕಂಡಿಕೆ ಸುತ್ಕೊಂಡಿರು" ಅಂದರು.

"ನಾನೂ ಬರ್ತೀನಿ. ಇದರಾಗೆ ನನ್ನ ಪಾಲೂ ಐತೆ" ಅಂತ ಮೇಷ್ಟ್ರು ಶಾಲೆಗೆ ರಜೆ ಹಾಕಿದರು.

ಬಸ್ಸಿನಲ್ಲಿ ನಾನು ಗೋಗರೆದೆ. "ಮೇಷ್ಟ್ರೇ, ನಾಲ್ಕು ಭಾಷೆ ಬಲ್ಲೋರು ನೀವು. ಹಿಂಗಿರೋದೇ ಹೊಸ ಡಿಜೈನು ಅಂತ ಏನಾದ್ರೂ ಕಟ್ಟಿ ಹೇಳ್ರಿ."

"ಕಥೆ ಬೇರೆ, ಸುಳ್ಳು ಬೇರೆ ಕಣವ್ವ" ಅಂದರು. ಅಷ್ಟೇ. ರಾಯದುರ್ಗ ಬರೋವರೆಗೂ ನನ್ನ ಎದೆ ಲಾಳಿ ಹೊಡೆದಂಗೆ ಹೊಡೀತಿತ್ತು.

ಆ ಮನೆಯಲ್ಲಿ ಸೀರೆ ಬಿಡಿಸಿದ್ದು ಮದುವೆ ಹುಡುಗಿಯ ಅಜ್ಜಿ. ಮೇಷ್ಟ್ರು ತೆಲುಗಿನಲ್ಲಿ ನೆಟ್ಟಗೆ ಹೇಳಿಬಿಟ್ಟರು: ತಪ್ಪಾಗೈತೆ, ಈ ಹುಡುಗಿ ನೇಯುವಾಗ ನಾನು ಪಕ್ಕದಲ್ಲಿ ಕೂತು ಕಥೆ ಓದಿದ್ದೇ ಕಾರಣ. ಮುದುಕಿ ಸೀರೆ ಬಿಟ್ಟು ಮೇಷ್ಟ್ರನ್ನೇ ದುರುದುರು ನೋಡಿದಳು.

"ನವಿಲಿಗೆ ದಾರಿ ತಪ್ಪಿಸೋ ಅಂಥಾ ಕಥೆ ಯಾವುದಪ್ಪಾ? ಹೇಳು ಕೇಳಾಣ" ಅಂದಳು.

ಮೇಷ್ಟ್ರು ಪುಸ್ತಕ ಇಲ್ಲದೆ ಮೊದಲಿಂದ ಕಥೆ ಹೇಳಿದರು. ಮದುವೆ ಮನೆಯ ಹೆಂಗಸರೆಲ್ಲ ಅಕ್ಕಿ ಆರಿಸೋದು ಬಿಟ್ಟು ಬಂದು ಕೂತರು. ಮರಿ ಹಾಲು ಕುಡಿಯೋ ಹತ್ತಿರ ನಿಲ್ಲಿಸಿದರು. "ತರ್ವಾತ?" ಅಂತ ಮುದುಕಿ ಕೇಳಿದಳು, ಆಮೇಲೆ ಏನಾಯಿತು ಅಂತ. ಮೇಷ್ಟ್ರು ನನ್ನ ಕಡೆ ತಿರುಗಿದರು.

"ನಂಗೆ ಗೊತ್ತಿಲ್ಲಮ್ಮ. ಸರಿಯಾಗಿ ಆ ಜಾಗದಾಗೆ ಇವಳ ಕೈ ತಪ್ಪಿದ್ದು. ಇವಳಿಗೇ ಗೊತ್ತಿರಬೇಕು."

ಅಯ್ಯೋ ಶಿವನೇ! ಹೊಸಬರ ಮುಂದೆ ಹೆಸರು ಹೇಳೋಕೂ ನಾಚುತ್ತಿದ್ದವಳು ನಾನು. ಹತ್ತು ಹದಿನೈದು ಜನ ನನ್ನ ಬಾಯನ್ನೇ ನೋಡ್ತಿದ್ದಾರೆ. ನೆಲ ನೋಡುತ್ತಾ ಹೇಳಿದೆ: "ಅವಳು ಕೂಡಲೇ ವಾಪಸ್ ಬರಲಿಲ್ಲ. ಮರಿ ಹುಲ್ಲು ಕಚ್ಚೋದು ಕಲಿಯೋವರೆಗೂ ಆ ಹಟ್ಟಿಯಾಗೇ ಉಳಕೊಂಡ್ಲು. ಆಮೇಲೆ ಕುರಿ ಹೊಡಕೊಂಡು ಬಂದ್ಲು. ಅಷ್ಟೊತ್ತಿಗೆ ಅವರ ಮಾತೂ ಅವಳಿಗೆ ಬಂದಿತ್ತು."

ಮುದುಕಿ ಸೆರಗನ್ನ ತೊಡೆ ಮೇಲೆ ಹರಡಿಕೊಂಡು ಆ ನವಿಲುಗಳನ್ನ ಬೆರಳಲ್ಲಿ ಸವರಿದಳು. ಆಮೇಲೆ ಮೂಲೆಯ ಮಂಚದ ಮೇಲಿದ್ದ ಗಂಡನ ಕಡೆ ಕೈ ತೋರಿಸಿದಳು. "ಇಷ್ಟು ವರ್ಷ ಈ ಮನುಷ್ಯನ ಮುಖ ನೋಡ್ತಾ ಕೂತು ದಿನಾ ಜಗಳ ಆಡೀನಿ. ಆಗಾಗ ಬೆನ್ನು ಹಾಕಿದ್ರೆ ಇನ್ನೂ ಚೆನ್ನಾಗಿರ್ತಿತ್ತು! ಇರಲಿ ಬಿಡು, ಒಂದು ಜೋಡಿ ಹಂಗೇ ಇರಲಿ." ಮನೆಯೆಲ್ಲ ನಕ್ಕಿತು. ಮಂಚದ ಮೇಲಿನ ಅಜ್ಜ ಕೆಮ್ಮಿದ. ಮದುವೆ ಹುಡುಗಿ ಸೀರೆಯನ್ನ ಅಜ್ಜಿಯ ಕೈಯಿಂದ ಕಿತ್ತುಕೊಂಡು ಹೆಗಲ ಮೇಲೆ ಹಾಕಿಕೊಂಡಳು.

ಮಾವ ಒಂದೇ ಕಟ್ಟಳೆ ಮಾಡಿದರು: ಮೇಷ್ಟ್ರು ಓದುವಾಗ ನನ್ನ ಮಗ್ಗ ಕಡ್ಡಾಯವಾಗಿ ನಿಲ್ಲಬೇಕು! ಕಣ್ಣು ಮಂಜಾಗೋವರೆಗೂ ನಾನು ಆ ಮಗ್ಗದಲ್ಲೇ ನೇಯ್ದೆ.

ಮೇಷ್ಟ್ರಿಗೆ ನಾಯಕನಹಟ್ಟಿಗೆ ವರ್ಗ ಆಯಿತು, ಆಮೇಲೆ ಚಳ್ಳಕೆರೆಗೆ. ಪುಸ್ತಕ ಬಂದವು, ಶಾಲು ಹಾರ ಬಂದವು. ಕುರಿ ಕಥೆಯನ್ನ ಕನ್ನಡ, ತೆಲುಗು, ಉರ್ದು ಮೂರರಲ್ಲೂ ಬರೆದರು. ಯಾರು ಹೊಗಳಿದರೂ "ಅದರ ಕೊನೆ ನಂದಲ್ಲ, ಮೊಳಕಾಲ್ಮೂರಿನಾಗೆ ಒಬ್ಬಳು ನೇಯೋಳು ಅದಾಳೆ" ಅನ್ನೋರಂತೆ. ರಿಟೈರಾದ ಮೇಲೆ ನಮ್ಮೂರಿಗೇ ಬಂದು ಹಿಂದಿನ ಬೀದಿಯಲ್ಲಿ ಮನೆ ಮಾಡಿದರು. ನನ್ನ ಮೊಮ್ಮಗಳು ಓದು ಕಲಿತದ್ದು ಅವರ ಜಗಲಿ ಮೇಲೆ. ಅವಳಿಗೆ ಏನಾದರೂ ತಿಳಿಯದಿದ್ದರೆ ಅದನ್ನೇ ತೆಲುಗಲ್ಲಿ ಹೇಳೋರು, ಉರ್ದುವಲ್ಲಿ ಹೇಳೋರು, ಕೊನೆಗೆ ಕೈಕಾಲು ಆಡಿಸಿ ಹೇಳೋರು. "ಇವಳು ಮೇಷ್ಟ್ರಮ್ಮ ಆಗ್ತಾಳೆ ನೋಡ್ತಿರು" ಅಂದಿದ್ದರು. ನೋಡೋಕೆ ಅವರು ಉಳಿಯಲಿಲ್ಲ... ಹೋದ ಬೇಸಿಗೆಯಲ್ಲಿ ಹೊರಟುಬಿಟ್ಟರು.

ನಿನ್ನೆ ಬೆಳಗ್ಗೆ ರವೆ ಉಂಡೆ ಕಟ್ಟಿ ಬೀದಿಗೆಲ್ಲ ಹಂಚಿದೆ. ಡಬ್ಬಿಯಲ್ಲಿ ಇನ್ನೂ ನಾಲ್ಕು ಉಳಿದಿದ್ದವು. ಕಾಲು ತಾನಾಗೇ ಹಿಂದಿನ ಬೀದಿಗೆ ತಿರುಗಿತು. ಗೇಟು ತೆಗೆದ ಮೇಲೆ ನೆನಪಾಯಿತು ನನಗೆ. ಬಾಗಿಲಲ್ಲಿ ಯಾರೋ ಮಗುವಿನ ಪುಟ್ಟ ಚಪ್ಪಲಿ. ಹೊಸದಾಗಿ ಬಾಡಿಗೆಗೆ ಬಂದ ಹುಡುಗಿ ಹೊರಗೆ ಬಂದು "ಯಾರು ಬೇಕಿತ್ತಜ್ಜಿ?" ಅಂದಳು.

ಡಬ್ಬಿ ಅವಳ ಕೈಗಿಟ್ಟು, ಜಗಲಿ ಮೇಲೆ ಕಾಲು ಚಾಚಿ ಕೂತು, ನನ್ನ ಮೊಮ್ಮಗಳು ಟೀಚರಾದದ್ದನ್ನ ಮೊದಲಿಂದ ಕೊನೆವರೆಗೂ ಜೋರಾಗಿ ಹೇಳಿದೆ. ಮೇಷ್ಟ್ರಿಗೆ ಹೇಳಬೇಕಾದ್ದನ್ನ ಅವರ ಜಗಲಿಗೆ ಹೇಳಿ ಬಂದೆ.