ನಡುವಿನ ಕೋಳಿ

ಜಪಾನಿನ ಒಬ್ಬ ಮುದುಕ ಕೆಂಪಾಪುರದ ನಮ್ಮ ಮನೆಯಲ್ಲಿ ಎರಡು ವರ್ಷದಿಂದ ಇದ್ದಾನೆ. ಬಾಡಿಗೆ ಇಲ್ಲ, ಊಟ ಇಲ್ಲ; ಮೊಮ್ಮಗಳು ಸುಧಾಳ ಬಾಯಲ್ಲೇ ವಾಸ. ಅವಳು ಸೋಲದೇವನಹಳ್ಳಿ ಕಡೆಯ ಕಾಲೇಜಿನಲ್ಲಿ ಕೈಯಲ್ಲಿ ಚಿತ್ರ ಬರೆದು ಸಿನಿಮಾ ಮಾಡುವುದನ್ನು ಕಲಿಯುತ್ತಾಳೆ. ಆ ಮುದುಕ ಅದರಲ್ಲಿ ದೊಡ್ಡ ಡೈರೆಕ್ಟರಂತೆ.

ಚಿಕ್ಕವನಿದ್ದಾಗ ಯಾರದೋ ಸಿನಿಮಾಕ್ಕೆ ನಡುವಿನ ಚಿತ್ರ ಬರೆಯುತ್ತಿದ್ದನಂತೆ. ಒಂದು ಹೆಜ್ಜೆಗೆ ಎತ್ತಿದ ಕಾಲು, ಊರಿದ ಕಾಲು ದೊಡ್ಡವರದು, ನಡುವಿನದೆಲ್ಲ ಇವನದು. ಆಮೇಲೆ ಸ್ವಂತ ಸಿನಿಮಾ. ಒಮ್ಮೆ ನಿಜವಾದ ಮನುಷ್ಯರನ್ನು ಹಾಕಿ ತೆಗೆದ, ಓಡಲಿಲ್ಲ. ಮತ್ತೆ ಪೆನ್ಸಿಲ್ ಹಿಡಿದ. ಇನ್ನು ಸಾಕು ಎಂದು ಎರಡು ಸಲ ಹೇಳಿ ಎರಡು ಸಲವೂ ವಾಪಸು ಬಂದ. ಅದು ನನಗೆ ಅರ್ಥವಾಯಿತು. ಅಡುಗೆಮನೆ ಸಾಕೆಂದು ಹೇಳಿ, ಸೊಸೆಯ ಸಾರು ಉಂಡು, ವಾಪಸು ಬಂದವಳು ನಾನು. ನಡುವಿನ ಚಿತ್ರ ಮಾತ್ರ ತಲೆಗೆ ಹತ್ತಲಿಲ್ಲ.

ಯುಗಾದಿಗೆ ಅಡುಗೆಮನೆಯ ಹಲಗೆಗಳನ್ನು ಒರೆಸಿ ಹೊಸ ಕಾಗದ ಹಾಸುವುದು ನನ್ನ ಪದ್ಧತಿ. ಈಗ ಮನೆಗೆ ಪೇಪರ್ ಬರುವುದಿಲ್ಲ. ಸುಧಾಳ ಮಂಚದ ಕೆಳಗೆ ಒಂದು ಕಟ್ಟು ಕಾಗದ ಸಿಕ್ಕಿತು. ಎಲ್ಲದರಲ್ಲೂ ರಸ್ತೆ ದಾಟುವ ಅದೇ ಕೋಳಿ. ಬರೆಯಲು ಬಾರದೆ ನೂರು ಸಲ ಕೆಡಿಸಿದ್ದಾಳೆ ಎಂದುಕೊಂಡೆ. ಚೆನ್ನಾಗಿದ್ದ ಒಂದನ್ನು ಎತ್ತಿಟ್ಟು, ಉಳಿದದ್ದನ್ನು ಡಬ್ಬಗಳ ಕೆಳಗೆ ಹಾಸಿದೆ.

ಸಂಜೆ ಸುಧಾ ಬಂದಳು. "ಅಜ್ಜಿ, ನನ್ನ ಕೋಳಿ ಎಲ್ಲಿ?"

"ಇಲ್ಲೈತಲ್ಲ, ಚೆನ್ನಾಗಿರೋದು ಎತ್ತಿಟ್ಟಿವ್ನಿ."

"ಒಂದಲ್ಲ ಅಜ್ಜಿ, ಅಷ್ಟೂ ಬೇಕು! ಒಂದರ ಹಿಂದೊಂದು ಓಡಿಸಿದ್ರೇನೇ ಕೋಳಿ ನಡೆಯೋದು. ನಾಳೆ ಕೊಡ್ಲಿಲ್ಲ ಅಂದ್ರೆ ನನ್ನ ಒಂದು ವರ್ಷ ಹೋಯ್ತು. ಒಲೆಗೆ ಹಾಕಿಬಿಟ್ಯಾ?"

ಅವಳು ಅಳಲಿಲ್ಲ, ನೆಲದ ಮೇಲೆ ಕುಸಿದಳು. ನಾನು ಅವಳ ಕೈ ಹಿಡಿದೆಳೆದೆ.

"ಈ ಮನೇಲಿ ಸೌದೆ ಒಲೆ ಎಲ್ಲೈತೆ? ಏಳು, ಡಬ್ಬ ಎತ್ತು."

ಬೇಳೆ ಡಬ್ಬದ ಕೆಳಗೆ ಕೋಳಿ, ರಾಗಿ ಹಿಟ್ಟಿನ ಕೆಳಗೆ ಕೋಳಿ. ಮೂಲೆಯ ನಂಬರು ನೋಡಿ ಜೋಡಿಸಿದಳು. ಒಂದೂ ತಪ್ಪಿರಲಿಲ್ಲ. ಹೋದ ಜೀವ ಬಂದಂತಾಗಿ ಇಬ್ಬರೂ ಅಲ್ಲೇ ಕೂತು ಒಂದು ಚೊಂಬು ನೀರು ಕುಡಿದೆವು. ನಡುವಿನ ಒಂದು ಹಾಳೆಯ ಮೇಲೆ ಮಾತ್ರ ಎಣ್ಣೆ ಡಬ್ಬದ ಗುಂಡನೆಯ ಕಲೆ. ಮತ್ತೆ ಬರೆಯಲು ಹೊತ್ತಿರಲಿಲ್ಲ.

ಮರುದಿನ ಕಾಲೇಜಿನಿಂದ ಬಂದು ಫೋನಿನಲ್ಲಿ ತೋರಿಸಿದಳು. ಹೆಬ್ಬಾಳದಲ್ಲಿ ಮನುಷ್ಯರೇ ದಾಟಲಾರದ ರಸ್ತೆಯನ್ನು ಕೋಳಿ ಕತ್ತು ಕುಣಿಸುತ್ತಾ ದಾಟಿತು. ನಡುರಸ್ತೆಯಲ್ಲಿ ಅದರ ಹಿಂದೆ ಹಳದಿಯಾಗಿ, ಗುಂಡಗೆ ಏನೋ ಕಂಡು, ಕಣ್ಣು ಮಿಟುಕಿಸುವಷ್ಟರಲ್ಲಿ ಮಾಯವಾಯಿತು.

"ಮೊಟ್ಟೆ ಎಲ್ಲಿಂದ ಬಂತಮ್ಮ ಅಂತ ಮೇಷ್ಟ್ರು ನಕ್ಕರು. ನಮ್ಮಜ್ಜಿ ಕೆಲಸ ಸಾರ್ ಅಂದೆ," ಎಂದಳು. ಪಾಸಾಗಿದ್ದಾಳೆ.

ಜಪಾನಿನ ಮುದುಕನ ಹಾಗೆ ನಾನೂ ಯಾರದೋ ಸಿನಿಮಾದ ನಡುವಿನ ಚಿತ್ರದಿಂದಲೇ ಶುರು ಮಾಡಿದ್ದೇನೆ. ಸಾಕು ಎಂದು ಹೇಳಲು ಇನ್ನೂ ಹೊತ್ತಿದೆ.