ಹತ್ತು ಪಟ್ಟು ಬೇಳೆ

ಮೊನ್ನೆ ಸಂಜೆ ಅಡಿಗೆಮನೆಯಿಂದ ಹೂರಣಕ್ಕಿಟ್ಟ ಕಡಲೆಬೇಳೆಯ ವಾಸನೆ ಬರುತ್ತಿತ್ತು. ಊರಿಂದ ಬಂದ ಅಕ್ಕ ಹೋಳಿಗೆ ಮಾಡುತ್ತಿದ್ದಳು. ಮಗಳು ಗಣಿತದ ಪುಸ್ತಕ ತಂದು ಮುಂದೆ ಹಿಡಿದಳು: ಐದು ಮಂದಿಗೆ ಎರಡು ಬಟ್ಟಲು ಬೇಳೆ ಬೇಕಾದರೆ ಐವತ್ತು ಮಂದಿಗೆ ಎಷ್ಟು? ಇಪ್ಪತ್ತು ಎಂಬುದು ನಾಲಿಗೆಯ ತುದಿಗೆ ಬಂದು ಅಲ್ಲೇ ನಿಂತಿತು. ನೀವು ನಗಬಹುದು, ಈ ಲೆಕ್ಕ ಕಂಡರೆ ನನಗೆ ಇವತ್ತಿಗೂ ತಲೆ ಗಿರ್ರೆನ್ನುತ್ತದೆ.

ಸಮಾನುಪಾತ ಕಲಿಸಿದವರು ಅಪ್ಪನ ತಮ್ಮ, ನಮ್ಮ ಕಾಕಾ. ತೊಂಬತ್ತರ ದಶಕದ ಮೊದಲ ವರ್ಷಗಳು. ನಾನು ಓದುತ್ತಿದ್ದ ಬೋರಗಾಂವದ ಸಾಲೆಯಲ್ಲಿ ಅವರೇ ಗಣಿತದ ಮಾಸ್ತರರು. ಮನೆಯಲ್ಲಿ ಚಹಾಕ್ಕೆ ಸಕ್ಕರೆ ಹಾಕುವಾಗಲೂ "ಎಷ್ಟಕ್ಕ ಎಷ್ಟು?" ಎಂದು ಕೇಳುವರು. ನಾನು ಮೇಲಿನದನ್ನು ಕೆಳಗೆ, ಕೆಳಗಿನದನ್ನು ಮೇಲೆ ಬರೆದು ಬೈಸಿಕೊಳ್ಳುತ್ತಿದ್ದೆ.

ಆಗಲೇ ಶಿರಗುಪ್ಪಿಯವರು ಅಕ್ಕನನ್ನು ನೋಡಲು ಬರುತ್ತೇವೆಂದು ಹೇಳಿ ಕಳಿಸಿದರು. ಹುಡುಗನನ್ನು ಅವಳು ಯಾವುದೋ ಮದುವೆಯಲ್ಲಿ ಕಂಡು ಮನಸ್ಸು ಕೊಟ್ಟಿದ್ದಳು. ಈ ಸಂಬಂಧ ತಪ್ಪೀತೆಂದು ಅವಳಿಗೆ ಅನ್ನ ಸೇರುತ್ತಿರಲಿಲ್ಲ. ಅವರ ಟೆಂಪೋ ತುಂಬ ಜನ, ನಮ್ಮ ಬಂಧು-ಬಳಗ ಬೇರೆ. ದಿನಾ ಐದೇ ಎಲೆ ಹಾಕುವ ಮನೆಯಲ್ಲಿ ಸಂಜೆಯ ಊಟಕ್ಕೆ ಹತ್ತಿರ ಹತ್ತಿರ ಐವತ್ತು ಎಲೆ. ನಮ್ಮಂಥ ಜೈನರ ಮನೆಗಳಲ್ಲಿ ಹೊತ್ತು ಮುಳುಗಿದ ಮೇಲೆ ಉಣ್ಣುವುದಿಲ್ಲ.

"ಎಲ್ಲಾ ಹತ್ತು ಪಟ್ಟು ಹಾಕ್ರಿ ವೈನಿ," ಎಂದು ಕಾಕಾ ಅವ್ವನಿಗೆ ಹೇಳಿದರು.

"ಬೇಯಾಕ ಹೊತ್ತೂ ಹತ್ತು ಪಟ್ಟು ಬೇಕೇನ್ರಿ ಕಾಕಾ?" ಎಂದೆ, ತಿಳಿಯದೆ.

"ಹುಚ್ಚಿ! ಬ್ಯಾಳಿ ಹೆಚ್ಚಾತು, ನೀರು ಹೆಚ್ಚಾತು, ಉರಿನೂ ಹೆಚ್ಚಾತು. ಹೊತ್ತು ಮಾತ್ರ ಅಷ್ಟ."

ಮಾಸ್ತರರ ಮಾತೆಂದು ಅವ್ವ ದಿನದಂತೆಯೇ ಹೊತ್ತು ನೋಡಿ ಒಲೆ ಹೊತ್ತಿಸಿದಳು. ದೊಡ್ಡ ಪಾತೇಲಿ ಕುದಿಯಲಿಕ್ಕೇ ತಯಾರಿಲ್ಲ! ಬಂದವರು ಅಕ್ಕನನ್ನು ನೋಡಿದ್ದಾಯಿತು, ಎಲೆಯ ಮುಂದೆ ಕೂತದ್ದೂ ಆಯಿತು. ಬೇಳೆ ಹಿಸುಕಿದರೆ ಕಲ್ಲು. ಅದು ಬೇಯದೆ ಹೂರಣವಿಲ್ಲ, ಕಟ್ಟಿನ ಸಾರೂ ಇಲ್ಲ. ಕಬ್ಬಿನ ಹೊಲದಾಚೆ ಸೂರ್ಯ ಇಳಿದೇಬಿಟ್ಟ. ಹುಡುಗನ ಅಜ್ಜಿ ಬಾಗಿಲಾಚೆ ನೋಡಿ, ಬರಿ ಎಲೆಗೆ ಕೈಮುಗಿದು ಎದ್ದರು. ಹಿಂದೆಯೇ ಎಲ್ಲರೂ ಎದ್ದರು. ಅಕ್ಕ ಕೋಣೆ ಸೇರಿ ಅತ್ತಳು. ಕಾಕಾ ನೆಲ ನೋಡುತ್ತ ನಿಂತರು. ಕೈಕೊಟ್ಟದ್ದು ಬೇಳೆಯೋ ಗಣಿತವೋ ನನಗೆ ತಿಳಿಯಲಿಲ್ಲ.

ಉಪವಾಸ ಕಳಿಸಲು ಅವ್ವ ಒಪ್ಪಲಿಲ್ಲ. "ಮುಂಜಾನೆ ಉಂಡು ಹೋಗ್ರಿ," ಎಂದು ಅಜ್ಜಿಯ ಕೈಹಿಡಿದು ನಿಲ್ಲಿಸಿಕೊಂಡಳು. ತಂಗಳನ್ನೂ ನಾವು ಉಣ್ಣದ ಕಾರಣ ಆ ಬೇಳೆ ಎಮ್ಮೆಗೆ ಹೋಯಿತು. ಹೊತ್ತು ಹುಟ್ಟಿದ ಮೇಲೆ ಅಕ್ಕ ಅತ್ತ ಕಣ್ಣಲ್ಲೇ ಎದ್ದು, ಓಣಿಯ ಮನೆಮನೆಯ ಒಲೆಗೆ ಸ್ವಲ್ಪ ಸ್ವಲ್ಪ ಬೇಳೆ ಹಂಚಿ, ಓಡಾಡಿ ಬೇಯಿಸಿ ತಂದಳು. ಅಜ್ಜಿ ಕಟ್ಟೆಯ ಮೇಲೆ ಕೂತು ಎಲ್ಲ ನೋಡುತ್ತಿದ್ದರು. ಉಂಡು ಕೈತೊಳೆದ ಮೇಲೆ ಹೇಳಿದರು: "ನಿನ್ನಿ ಬ್ಯಾಳಿ ಬೆಂದಿತ್ತಂದ್ರ ಉಂಡು ರಾಯಬಾಗಕ್ಕ ಹೋಗವರಿದ್ವಿ. ಅಲ್ಲಿ ಇನ್ನೊಂದ ಹುಡುಗಿ ಪಸಂದ ಮಾಡೂದ ಇತ್ತು. ಈಗ ಎಲ್ಲಿಗೂ ಹೋಗಾಂಗಿಲ್ಲ."

ಇಷ್ಟನ್ನೂ ನನ್ನ ಬಾಯಿಂದ ಕೇಳಿದ ಮಗಳು, "ಹಂಗಾರ ಕಾಕಾ ಅಜ್ಜನ ಲೆಕ್ಕ ಸರೀನೋ ತಪ್ಪೋ?" ಎಂದಳು. ನಾನು ಅಕ್ಕನ ಮುಖ ನೋಡಿದೆ.

"ತಪ್ಪು," ಎಂದಳು ಅಕ್ಕ. "ಆ ತಪ್ಪಿಗೇ ನಿಮ್ಮ ದೊಡ್ಡಪ್ಪ ಸಿಕ್ಕಾರ."

ಗೊಂದಲವೇನೂ ಹರಿಯಲಿಲ್ಲ. ಆದರೂ ಈ ಸಲ ಹೆದರದೆ ಇಪ್ಪತ್ತು ಎಂದು ಬರೆಸಿದೆ. ಅಕ್ಕ ಕಿಟಕಿಯಾಚೆ ಇಣುಕಿದಳು.

"ಹೊತ್ತು ಮುಳುಗಾಕ ಬಂದೈತಿ. ಏಳ್ರಿ, ಮೊದಲ ಉಣ್ರಿ."